ಬಾಯಿ ಬಿಟ್ಟ ಚೀಟಿಗಳು

“ಕಣ್ಣಿಗೆ ಬಟ್ಟೆ ಕಟ್ಟಿ ಕೈಗೊಂದು ಹಾಳೆ ಕೊಡಿ ಮೇಡಂ. ಅದು ಯಾವ ಮರದ್ದು, ಆ ಮರದ ಮೇಲೆ ಎಷ್ಟು ಕಾಗೆ ಕೂತಿದ್ವು, ಅದ್ರಲ್ಲಿ ಎಷ್ಟು ಕಾಗೆ ಕುಂಟ್ತಾ ಇದ್ವು, ಎಲ್ಲಾ ಬೆರಳಲ್ಲೇ ಹೇಳ್ತೀನಿ.”

ಗೋಂದಕ್ಕ ಇಷ್ಟು ಹೇಳಿ, ಅಂಟಿನ ಕಲೆ ಕೂತು ಕೂತು ರಟ್ಟಿನಷ್ಟು ಗಡುಸಾಗಿದ್ದ ತನ್ನ ಏಪ್ರನ್ ಕೊಡವಿಕೊಂಡಳು.

ಮೂಲೆಯಲ್ಲಿದ್ದ ಟೈಪಿಸ್ಟ್ ಬೆರಳು ನಿಲ್ಲಿಸಿದ. “ಮೇಡಂ, ಕುಂಟು ಕಾಗೇನೂ ಸೇರಿಸ್ಬೇಕಾ?”

“ಕಾಗೆ ಬಿಡಿ. ಕಾಗದ ಮಾತ್ರ ಬರ್ಕೊಳ್ಳಿ,” ಎಂದರು ವಿಚಾರಣಾಧಿಕಾರಿ.

ಹಳೆಯ ಬಸ್ ಡಿಪೋ ಜಾಗದ ನಲವತ್ತು ನಿವೇಶನಗಳಿಗೆ ಆರುನೂರ ಹನ್ನೆರಡು ಜನ ಅರ್ಜಿ ಹಾಕಿ, ಡ್ರಮ್ಮಿನಿಂದ ಚೀಟಿ ಎತ್ತಿದಾಗ ಗೆದ್ದವರಲ್ಲಿ ಮೂವತ್ತೊಂಬತ್ತು ಮಂದಿ ಮೊದಲ ಸಲದ ಅರ್ಜಿದಾರರೇ ಆಗಿದ್ದು ಅದೃಷ್ಟವೋ ಕೈಚಳಕವೋ ಎಂಬ ವಿಚಾರಣೆಗೆ ಅದು ಮೂರನೇ ದಿನ.

ಯೋಜನಾ ಪ್ರಾಧಿಕಾರದ ಎರಡನೇ ಮಹಡಿಯ ಸಭಾಂಗಣದಲ್ಲಿ ಜನ ಎಷ್ಟು ಒತ್ತಿಕೊಂಡಿದ್ದರೆಂದರೆ, ಒಬ್ಬ ಆಕಳಿಸಿದರೆ ಹನ್ನೊಂದು ಜನರ ಪಾಲಿನ ಗಾಳಿ ಖಾಲಿಯಾಗುತ್ತಿತ್ತು. ಎಡಗಡೆ ಸೋತವರು, ಬಲಗಡೆ ಗೆದ್ದವರು. ಮಧ್ಯೆ ಗಾಜಿನ ಪೆಟ್ಟಿಗೆಯೊಳಗೆ ಬಡಾವಣೆಯ ಮಾದರಿ. ಬೆಂಕಿಪೊಟ್ಟಣದಷ್ಟು ಮನೆಗಳು, ಸ್ಪಂಜಿನ ಮರಗಳು, ಕಡ್ಡಿಯಷ್ಟು ದೀಪದ ಕಂಬಗಳು. ಎಡಗಡೆಯವರು ಆ ಗಾಜನ್ನು ನೋಡುತ್ತಿದ್ದ ರೀತಿಗೆ ಅದು ಕರಗಿ ನೀರಾಗದೆ ಉಳಿದದ್ದೇ ಹೆಚ್ಚು.

ಗೋಂದಕ್ಕ ಅದೇ ಕಚೇರಿಯ ಬೈಂಡರ್. ಮೆಟ್ಟಿಲ ಕೆಳಗಿನ ಕೋಣೆಯಲ್ಲಿ ಮೂವತ್ತೊಂದು ವರ್ಷದಿಂದ ಕಡತ ಹೊಲಿದು, ರಟ್ಟು ಹಾಕಿ, ಬೆನ್ನಿಗೆ ಬಟ್ಟೆ ಅಂಟಿಸಿದವಳು. ಅವಳ ಲೆಕ್ಕದಲ್ಲಿ ಇದುವರೆಗೆ ಹೊಲಿದ ದಾರ ಬಿಚ್ಚಿದರೆ ಚಂದ್ರನಿಗೆ ಎರಡು ಸುತ್ತು ಸುತ್ತಿ ಗಂಟು ಹಾಕಬಹುದು. ಹಿಡಿದದ್ದನ್ನು ಬಿಡುವವಳಲ್ಲ ಎಂದು ಆ ಹೆಸರು ಬಿತ್ತು. ಚೀಟಿಯ ವಿಷಯವನ್ನು ಹಿಡಿದವಳೂ ಅವಳೇ. ದೂರು ಕೊಟ್ಟವಳೂ ಅವಳೇ.

“ಒಂದು ಹಳೇ ಪೇಪರ್ ಕೊಡ್ತೀರಾ?” ಎಂದಳು.

ಯಾರೋ ಕೊಟ್ಟರು. ಗೋಂದಕ್ಕ ಅದನ್ನು ಮೇಲಿಂದ ಕೆಳಕ್ಕೆ ಸೀಳಿದಳು. ಸರ್ರನೆ, ಗೆರೆ ಎಳೆದ ಹಾಗೆ ನೆಟ್ಟಗೆ ಹರಿಯಿತು. ಆಮೇಲೆ ಅಡ್ಡಕ್ಕೆ ಸೀಳಿದಳು. ಅದು ಹಲ್ಲುಹಲ್ಲಾಗಿ, ಅಂಕುಡೊಂಕಾಗಿ ಎಲ್ಲೆಲ್ಲೋ ಹೋಯಿತು.

“ನೋಡಿ. ಸೌದೆಗೆ ಎಳೆ ಇರೋ ಹಾಗೇ ಕಾಗದಕ್ಕೂ ಇರುತ್ತೆ. ಎಳೆಗುಂಟ ಮಡಿಸಿದ್ರೆ ಚೀಟಿ ಸುಮ್ನೆ ಮಲಗುತ್ತೆ, ತಾಯಿ ತಟ್ಟಿದ ಮಗು ಥರ. ಎಳೆಗೆ ಅಡ್ಡ ಮಡಿಸಿದ್ರೆ ಮಲಗಲ್ಲ. ಎಷ್ಟೇ ಒತ್ತಿ, ಮತ್ತೆ ಬಾಯಿ ಬಿಡುತ್ತೆ.”

ಬಿಳಿ ಹಾಳೆಯಿಂದ ಎರಡು ತುಂಡು ಕತ್ತರಿಸಿ ಮಡಿಸಿ ವಿಚಾರಣಾಧಿಕಾರಿಯ ಮುಂದಿಟ್ಟಳು. ಒಂದು ತೆಪ್ಪಗೆ ಬಿದ್ದುಕೊಂಡಿತು. ಇನ್ನೊಂದು ಎಲ್ಲರೂ ನೋಡುತ್ತಿರುವಾಗಲೇ ಮೆಲ್ಲಗೆ ತೆರೆದುಕೊಂಡಿತು.

ಎಡಗಡೆಯಿಂದ ಒಬ್ಬ ಮುದುಕ ಕೂಗಿದ. “ಚೀಟೀನೇ ಬಾಯಿ ಬಿಟ್ಮೇಲೆ ಇನ್ನೇನ್ ವಿಚಾರಣೆ?”

ನಗು ಎದ್ದಿತು. ವಿಚಾರಣಾಧಿಕಾರಿ ಪೆನ್ನಿನಿಂದ ಮೇಜು ತಟ್ಟಿದರು. ಅವರು ಮಾತು ಎಷ್ಟು ಉಳಿಸುವವರೆಂದರೆ ಇಡೀ ವಾರ ಆಡಿದ್ದು ಒಂದು ಅಂಚೆಕಾರ್ಡಿನಲ್ಲಿ ಹಿಡಿಯುತ್ತಿತ್ತು. ಆದರೆ ಕನ್ನಡಕದ ಹಿಂದಿನ ಆ ಕಣ್ಣುಗಳು ಒಂದನ್ನೂ ಬಿಡುತ್ತಿರಲಿಲ್ಲ.

“ಆರುನೂರ ಹನ್ನೆರಡು ಚೀಟಿ ಮಡಿಸಿದ್ದು ನೀವು?”

“ನಾನೇ. ಒಂದೇ ದಿನ, ನೀರು ಕುಡೀದೆ. ಎಲ್ಲಾ ಎಳೆಗುಂಟ.”

“ಗೆದ್ದ ಚೀಟಿಗಳು?”

ಗೋಂದಕ್ಕ ತಟ್ಟೆಯಲ್ಲಿದ್ದ ನಲವತ್ತು ಚೀಟಿಗಳತ್ತ ಕೈ ಚಾಚಿದಳು. ಚೀಟಿ ಎತ್ತಿದ ದಿನವೇ ಓದಿ, ಮತ್ತೆ ಅದೇ ಮಡಿಕೆಗೆ ಮಡಚಿ, ಲಕೋಟೆಗೆ ಮೊಹರು ಹಾಕಿ ಇಟ್ಟಿದ್ದವು. ಈಗ ತಟ್ಟೆಯಲ್ಲಿ ನಲವತ್ತೂ ಅರ್ಧ ಬಾಯಿ ತೆರೆದು, ಹಸಿದ ಮರಿಗಳ ಹಾಗೆ ಮೇಲೆ ನೋಡುತ್ತಿದ್ದವು.

“ಹಾಳೆ ನಮ್ಮದೇ, ಕತ್ತರಿಸಿದ್ದು ಉಲ್ಟಾ ಕಡೆಯಿಂದ. ಅದಕ್ಕೇ ಮಡಿಕೆ ಎಳೆಗೆ ಅಡ್ಡ ಬಿದ್ದಿದೆ. ಡ್ರಮ್ಮಿಗೆ ಬೀಗ ಹಾಕಿದ್ಮೇಲೆ ಯಾರೋ ನನ್ನ ಚೀಟಿ ತೆಗೆದು ಅದೇ ಹೆಸರಿನ ಇವನ್ನ ಹಾಕಿದ್ದಾರೆ. ಬೀಗದ ಕೈ ಎರಡು ದಿನ ಕಾರ್ಯದರ್ಶಿ ಸಾಹೇಬರ ಮೇಜಿನ ಖಾನೇಲಿತ್ತು.”

“ನಲವತ್ತೂ ನಿಮ್ಮ ಮಡಿಕೆ ಅಲ್ಲ?”

“ನಲವತ್ತೂ ಅಲ್ಲ,” ಎಂದಳು ಗೋಂದಕ್ಕ. ಕುಂಟು ಕಾಗೆಯ ಮಾತಿಗೆ ಒಂದಿಷ್ಟೂ ತೊದಲದಿದ್ದ ನಾಲಿಗೆ ಈ ಎರಡು ಪದಕ್ಕೆ ಯಾಕೋ ಸ್ವಲ್ಪ ಒಣಗಿತು.

ಮುಂದಿನ ಸಾಲಿನಿಂದ ‘ಅರ್ಧ ಇಂಚು’ ಅವಳ ಏಪ್ರನ್ನಿನ ತುದಿ ಜಗ್ಗಿದ. ನಕ್ಷೆ ವಿಭಾಗದವನು. ಯಾವ ನಕ್ಷೆ ತೋರಿಸಿದರೂ ಅರ್ಧ ಇಂಚಿನ ತಪ್ಪು ಹುಡುಕುತ್ತಿದ್ದುದರಿಂದ ಕಚೇರಿಗೆ ಕಚೇರಿಯೇ ಅವನ ಹೆಸರು ಮರೆತಿತ್ತು. ಇಪ್ಪತ್ತಾರು ವರ್ಷದಿಂದ ಗೋಂದಕ್ಕನ ಡಬ್ಬಿಯಲ್ಲಿ ಕೈ ಹಾಕಿ ಉಂಡ ಗೆಳೆಯ.

“ಸಾಕು ಗೋಂದು. ಇಲ್ಲಿಗೆ ನಿಲ್ಸು,” ಎಂದು ಪಿಸುಗುಟ್ಟಿದ. “ನಿಮ್ಮ ಅತ್ತಿಗೆ ಸೈಟೂ ಇದ್ರಲ್ಲೇ ಇದೆ. ಮರೆತ್ಯಾ?”

ಮರೆಯುವುದೇ? ಗೆದ್ದ ನಲವತ್ತರಲ್ಲಿ ಆ ನಲವತ್ತನೆಯವಳು, ಮೊದಲ ಸಲದವಳಲ್ಲದ ಒಬ್ಬಳೇ ಒಬ್ಬಳು, ಗೋಂದಕ್ಕನ ಸತ್ತ ಅಣ್ಣನ ಹೆಂಡತಿ. ಬಲಗಡೆಯ ಕೊನೆಯ ಕುರ್ಚಿಯಲ್ಲಿ, ಕೊರಳಿಗೆ ಅಳತೆಯ ಟೇಪು ಹಾಕಿಕೊಂಡೇ, ಅರ್ಧ ಹೊಲಿದ ಪ್ಯಾಂಟೊಂದನ್ನು ತೊಡೆಯ ಮೇಲಿಟ್ಟು ಕೂತಿದ್ದಳು.

“ಸುಮ್ನಿರೋ,” ಎಂದು ಗೋಂದಕ್ಕ ಏಪ್ರನ್ ಬಿಡಿಸಿಕೊಂಡಳು.

“ಚೀಟಿ ಎತ್ತಿದವರನ್ನ ಕರೀರಿ,” ಎಂದರು ವಿಚಾರಣಾಧಿಕಾರಿ.

ಬೆತ್ತದಣ್ಣ ಕೋಲು ತಟ್ಟುತ್ತಾ ಬಂದ. ಕಚೇರಿಯ ಕುರ್ಚಿಗಳಿಗೆ ಬೆತ್ತ ಹೆಣೆಯುವವನು; ಹುಟ್ಟಿದಾಗಿನಿಂದ ಕಣ್ಣಿಲ್ಲ. ಪಕ್ಷಪಾತ ಬರಬಾರದೆಂದು ಪ್ರಾಧಿಕಾರ ಕಳೆದ ಮೂರು ಸಲವೂ ಚೀಟಿ ಎತ್ತಲು ಅವನನ್ನೇ ಕರೆದಿತ್ತು.

“ಕಣ್ಣಿಗೆ ಬಟ್ಟೇನೂ ಕಟ್ಟಿದ್ರು ಮೇಡಂ,” ಎಂದ. “ನಂಗ್ಯಾಕ್ರೀ ಅಂದೆ. ನಿಯಮ ಅಂದ್ರು. ಬಿಚ್ಚಿದ್ಮೇಲೆ ‘ಈಗ ಕಾಣ್ಸುತ್ತಾ?’ ಅಂತಾನೂ ಕೇಳಿದ್ರು.”

ಈ ಸಲ ಬಲಗಡೆಯವರೂ ನಕ್ಕರು.

“ಯಾವ ಚೀಟಿ ಎತ್ತಬೇಕು ಅಂತ ಯಾರಾದರೂ ಹೇಳಿದ್ದರಾ?”

“ಯಾರೂ ಇಲ್ಲ. ಆದ್ರೆ ನಂದೊಂದು ಅಭ್ಯಾಸ. ಮೊದಲನೇ ಸಲ ಎರಡು ಚೀಟಿ ಅಂಟ್ಕೊಂಡು ಬಂದು ದೊಡ್ಡ ಗಲಾಟೆ ಆಯ್ತು. ಆವತ್ತಿಂದ ಒತ್ತಾಗಿ ಮಲಗಿರೋದನ್ನ ಮುಟ್ಟಲ್ಲ. ಬಾಯಿ ಬಿಟ್ಟಿರೋದು ಬೆರಳಿಗೆ ತಾನೇ ಸಿಗುತ್ತೆ, ಒಂಟಿಯಾಗಿರುತ್ತೆ. ಅದನ್ನೇ ಎತ್ತೋದು. ತಪ್ಪಾ ಮೇಡಂ?”

ಎಡಗಡೆಯಿಂದ ಎದ್ದ ಗದ್ದಲಕ್ಕೆ ಕಿಟಕಿಯ ಗಾಜು ಗಡಗಡ ಎಂದಿತು. ಪಕ್ಕದ ಮೂರು ಬೀದಿಯ ಕಿಟಕಿಗಳೂ ಅಂದವಂತೆ.

ಗೋಂದಕ್ಕ ಸೊಂಟಕ್ಕೆ ಕೈಕೊಟ್ಟು ನಿಂತಳು. “ಕೇಳಿದ್ರಲ್ಲ! ಡಿಪೋ ಜಾಗ ಯಾರಪ್ಪನ ಖಾನೇಲೂ ಹುಟ್ಟಿದ್ದಲ್ಲ. ಊರಿಂದು. ಅದನ್ನ ಮಡಿಕೇಲಿ ಸುತ್ತಿ ಕೊಟ್ಟಿದ್ದಾರೆ.”

ಆಗ ಕಾರ್ಯದರ್ಶಿ ಎದ್ದರು.

ಅವರು ಕೂಗುವವರಲ್ಲ. ಅವರ ದನಿ ಎಷ್ಟು ಮೆತ್ತಗೆಂದರೆ ಎದುರಿನವರು ಬಾಗಿ ಬಾಗಿ ಕೇಳಬೇಕು. ಬಾಗಿದವರು ಒಪ್ಪಿದವರ ಹಾಗೇ ಕಾಣುತ್ತಾರೆ. ಹತ್ತು ವರ್ಷದಲ್ಲಿ ಇಡೀ ಕಚೇರಿಗೆ ಬೆನ್ನುನೋವು ಬಂದದ್ದು ಇದರಿಂದಲೇ ಎಂದು ಗೋಂದಕ್ಕನ ಸಿದ್ಧಾಂತ. ಈಗ ಸಭಾಂಗಣವೆಲ್ಲ ಬಾಗಿತು. ಅವಳೊಬ್ಬಳು ನೆಟ್ಟಗೆ ನಿಂತಳು.

“ನಮ್ಮ ಬೈಂಡರ್ ಅವರ ಕೈಗೆ ನಾನೂ ಕೈ ಮುಗೀತೀನಿ,” ಎಂದರು. “ಆದರೆ ಮಡಿಕೆ ಕೈಯನ್ನ ಕರೆಯುತ್ತೆ ಅನ್ನೋದು ಊಹೆ. ಇವರಿಗೆ ಅಭ್ಯಾಸ ಇದೆ ಅಂದರು, ಸರಿ. ಆ ಅಭ್ಯಾಸದಿಂದ ಬೇಕಾದ ಹೆಸರು ಬಂದೇ ಬರುತ್ತೆ ಅನ್ನೋದಕ್ಕೆ ಉದಾಹರಣೆ ಎಲ್ಲಿ? ಒಂದು. ಒಂದೇ ಒಂದು ಕೊಡಿ.”

“ಇಲ್ಲೇ ಪರೀಕ್ಷೆ ಮಾಡೋಣ. ಡ್ರಮ್ ತರ್ಸಿ,” ಎಂದಳು ಗೋಂದಕ್ಕ.

“ಈಗಲಾ? ಬಾಯಿ ಬಿಟ್ಟದ್ದನ್ನೇ ಎತ್ತಬೇಕು ಅಂತ ಎಲ್ಲರ ಎದುರು ಪಾಠ ಆದ ಮೇಲಾ? ಈಗ ಅವರು ಯಾವುದನ್ನ ಎತ್ತಿದರೂ ಏನೂ ಸಾಬೀತಾಗಲ್ಲ.”

ವಿಚಾರಣಾಧಿಕಾರಿ ತಲೆಯಾಡಿಸಿದರು. ಅದು ನಿಜವಾಗಿತ್ತು. ಗೋಂದಕ್ಕನಿಗೆ ಮೈ ಉರಿಯಿತು.

“ಅಡ್ಡ ಮಡಿಕೆ ಹೇಗೆ ಬಂತು?” ಕಾರ್ಯದರ್ಶಿ ಭುಜ ಕುಣಿಸಿದರು. “ಆರುನೂರು ಮಡಿಸುವಾಗ ಯಾವುದೋ ಹಾಳೆ ತಿರುಗಿರಬಹುದು. ಸುಸ್ತಾಗಿರಬಹುದು. ಮನುಷ್ಯರು.”

“ನಂಗೆ ಸುಸ್ತಾಗಲ್ಲ!”

“ಸರಿ. ಹಾಗಾದರೆ ಇದನ್ನ ಹೇಳಿ.” ಅವರು ಬಲಗಡೆಯ ಕೊನೆಯ ಕುರ್ಚಿಯತ್ತ ತಿರುಗಿದರು. “ಅಮ್ಮಾ, ನೀವು ಸ್ವಲ್ಪ ಎದ್ದು ನಿಲ್ತೀರಾ?”

ಅತ್ತಿಗೆ ಎದ್ದು ನಿಂತಳು. ತೊಡೆಯ ಮೇಲಿದ್ದ ಪ್ಯಾಂಟನ್ನು ಪಕ್ಕದವನ ಕೈಗೆ ಕೊಟ್ಟಳು. ಅವನು ಅದನ್ನು ಎಲ್ಲಿಡುವುದೆಂದು ತಿಳಿಯದೆ ಮಗುವಿನಂತೆ ಎತ್ತಿಕೊಂಡ.

“ಎಷ್ಟನೇ ಸಲ ಅರ್ಜಿ ಹಾಕಿದಿರಿ?”

“ಹತ್ತೊಂಬತ್ತು ಸರ್.”

“ಈಗೆಲ್ಲಿ ಇದ್ದೀರಿ?”

“ಅಂಗಡೀಲೇ. ಹಗಲು ಮಿಷನ್ ಇಡೋ ಜಾಗದಲ್ಲಿ ಮಿಷನ್ ಸರಿಸಿ ಮಲ್ಕೋತೀನಿ. ಬಾಡಿಗೆ ಮನೆಯವರು ಹನ್ನೊಂದು ಸಲ ಬಿಡಿಸಿದ್ರು. ಹನ್ನೆರಡನೇ ಸಲಕ್ಕೆ ಯಾಕೆ ಅಂತ ನಾನೇ ಬಿಟ್ಟೆ.”

“ಮೊದಲನೇ ಅರ್ಜಿ?”

“ನಮ್ಮ ಮನೆಯವರು ಹಾಕಿದ್ದು. ಫಾರಂ ಹಿಂದುಗಡೆ ಮನೆ ಚಿತ್ರ ಬರೆಯೋರು. ಅಡುಗೆಮನೆ ಕಿಟಕಿ ಎಲ್ಲಿ ಅಂತ ಇಬ್ಬರೂ ಜಗಳ ಆಡ್ತಿದ್ವಿ. ಹದಿನೈದು ಅರ್ಜಿಗೆ ಅವರು ಸಹಿ ಹಾಕಿದ್ರು. ಆಮೇಲೆ ನಾನು.” ಅತ್ತಿಗೆ ಸೇರಿಸಿದಳು. “ಕಿಟಕಿ ವಿಷಯದಲ್ಲಿ ಈಗ್ಲೂ ನಾನು ಒಪ್ಪಿಲ್ಲ.”

ಎಡಗಡೆಯವರೂ ಅವಳ ಮೇಲೆ ಕಣ್ಣು ಕೆಂಪಗೆ ಮಾಡಲಿಲ್ಲ. ಅವಳು ಅವರಲ್ಲಿ ಒಬ್ಬಳಾಗಿದ್ದಳು. ಮೊನ್ನೆಯವರೆಗೆ ಅದೇ ಸಾಲಿನಲ್ಲಿ ನಿಂತಿದ್ದಳು.

ಕಾರ್ಯದರ್ಶಿ ಎರಡೂ ಕೈ ಅಗಲಿಸಿದರು. “ನೋಡಿ ಮೇಡಂ. ಯಾರ ಬೆಂಬಲವೂ ಇಲ್ಲದ ಹೆಂಗಸು. ನಾವು ಮೊದಲೇ ಹೆಸರು ಆರಿಸಿಟ್ಟಿದ್ದರೆ ಇವರ ಹೆಸರು ಯಾಕೆ ಬರಬೇಕಿತ್ತು? ಡ್ರಮ್ ಯಾರ ಮುಖವನ್ನೂ ನೋಡಿಲ್ಲ ಅನ್ನೋದಕ್ಕೆ ಇವರೇ ಸಾಕ್ಷಿ. ಇವರ ಚೀಟಿ ಪ್ರಾಮಾಣಿಕ ಅಂದರೆ, ಅದೇ ಡ್ರಮ್ಮಿಂದ ಬಂದ ಉಳಿದವೂ ಪ್ರಾಮಾಣಿಕ.”

ಬಲಗಡೆ ಚಪ್ಪಾಳೆ ಬಿತ್ತು. ಮಗುವಿನಂತೆ ಪ್ಯಾಂಟು ಎತ್ತಿಕೊಂಡವನೂ ಒಂದು ಕೈಯಲ್ಲಿ ತೊಡೆ ತಟ್ಟಿದ.

ಮೂವತ್ತೊಂಬತ್ತು ಜನ ಅತ್ತಿಗೆಯ ಹಿಂದೆ, ಗೋಡೆಯ ಹಿಂದೆ ಅವಿತ ಹಾಗೆ ಅವಿತುಕೊಂಡಿದ್ದರು. ಆ ಗೋಡೆ ಕಟ್ಟಿದ್ದು ಯಾರು ಎಂದು ಗೋಂದಕ್ಕನಿಗೆ ಗೊತ್ತಿತ್ತು.

“ಸಾಕು ಅಂತ ಹೇಳ್ಲಿಲ್ವಾ?” ಮುಂದಿನ ಸಾಲಿನಿಂದ ಅರ್ಧ ಇಂಚಿನ ಪಿಸುಮಾತು. “ದೂರು ವಾಪಸ್ ತಗೋ. ನಿಮ್ಮತ್ತಿಗೆಗೆ ಮನೆ ಆಗುತ್ತೆ. ನಿಂಗೆ ಇನ್ನು ಎರಡು ವರ್ಷಕ್ಕೆ ರಿಟೈರ್‌ಮೆಂಟ್.”

ವಿಚಾರಣಾಧಿಕಾರಿ ತಟ್ಟೆಯನ್ನು ಹತ್ತಿರ ಎಳೆದುಕೊಂಡರು. ಖಾನೆಯಿಂದ ಭೂತಗನ್ನಡಿ ತೆಗೆದರು. ಒಂದೊಂದೇ ಚೀಟಿಯ ಮಡಿಕೆಯನ್ನು ಬೆಳಕಿಗೆ ಹಿಡಿದು ನೋಡತೊಡಗಿದರು. ನಲವತ್ತು ಚೀಟಿ ನೋಡಲು ಅವರು ತೆಗೆದುಕೊಂಡ ಹೊತ್ತಿನಲ್ಲಿ ಆ ಮಾದರಿಯ ಸ್ಪಂಜಿನ ಮರಗಳು ಒಂದಂಗುಲ ಬೆಳೆದಿರಬೇಕು.

ಹದಿನೆಂಟನೆಯದರ ಬಳಿ ಕೈ ನಿಂತಿತು. ಅದನ್ನು ಬದಿಗಿಟ್ಟರು. ಉಳಿದವನ್ನೂ ನೋಡಿ ಮುಗಿಸಿ ಮತ್ತೆ ಅದನ್ನೇ ಎತ್ತಿಕೊಂಡರು.

“ಬೇರೆ ಎಲ್ಲದರ ಮಡಿಕೆಯಲ್ಲಿ ನಾರು ಒಡೆದು ಜೂಲಾಗಿದೆ. ಇದೊಂದರ ಮಡಿಕೆ ಹೊಳೀತಾ ಇದೆ. ಯಾಕೆ?”

ಗೋಂದಕ್ಕ ಬಾಯಿ ತೆರೆದಳು.

“ಇಲ್ಲಿ ಕೊಡಿ ಮೇಡಂ, ನಾನು ಹೇಳ್ತೀನಿ,” ಎಂದು ಬೆತ್ತದಣ್ಣ ಉತ್ಸಾಹದಿಂದ ಕೈ ಚಾಚಿದ.

ಕೊಟ್ಟರು. ಅವನು ಮಡಿಕೆಯ ಮೇಲೆ ಉಗುರು ಆಡಿಸಿದ. ಮುಖ ಅರಳಿತು.

“ಇದು ಅಕ್ಕನ ಕೈ!”

“ಯಾವ ಅಕ್ಕ?”

“ಗೋಂದಕ್ಕ. ಮಡಿಕೆ ತೀಡೋಕೆ ಅವರ ಹತ್ರ ಮೂಳೆ ಕಡ್ಡಿ ಒಂದಿದೆ. ಅದ್ರಲ್ಲಿ ತೀಡಿದ್ರೆ ಮಡಿಕೆ ಗಾಜಿನ ಥರ ನುಣ್ಣಗಾಗುತ್ತೆ. ನಂಗೆ ಉಬ್ಬಕ್ಷರದ ಪುಸ್ತಕ ಹೊಲಿದು ಕೊಟ್ಟಿದ್ದಾರೆ, ದಿನಾ ಮುಟ್ತೀನಲ್ಲ. ನೂರರಲ್ಲಿ ಕಂಡು ಹಿಡೀತೀನಿ.” ತಟ್ಟೆಯಲ್ಲಿದ್ದ ಬೇರೆ ನಾಲ್ಕೈದನ್ನು ತಡವಿ ಮೂಗು ಮುರಿದ. “ಇವೆಲ್ಲ ಯಾರೋ ಒರಟರದ್ದು. ಕಬ್ಬಿಣದ ಸ್ಕೇಲಿನ ಅಂಚಲ್ಲಿ ಒತ್ತಿದ್ದಾರೆ. ಅಕ್ಕಂದು ಅಕ್ಕಂದೇ ಬಿಡಿ.”

ಹೊಗಳಿದೆನೆಂದೇ ಅವನು ನಂಬಿದ್ದ. ಗೋಂದಕ್ಕ ಇದ್ದ ಕಡೆಗೆ ಮುಖ ತಿರುಗಿಸಿ ನಕ್ಕ.

ವಿಚಾರಣಾಧಿಕಾರಿ ಚೀಟಿ ಬಿಡಿಸಿ ಓದಿದರು. ಓದಿ, ಬಲಗಡೆಯ ಕೊನೆಯ ಕುರ್ಚಿಯನ್ನು ನೋಡಿದರು.

ಹದಿನೆಂಟನೇ ಚೀಟಿ ಅತ್ತಿಗೆಯದಾಗಿತ್ತು.

ಕಾರ್ಯದರ್ಶಿಯ ದನಿಗೆ ಬೆಣ್ಣೆ ಹತ್ತಿತು. “ಅಯ್ಯೋ, ಪಾಪ. ಸ್ವಂತ ಅತ್ತಿಗೆ. ಮೇಡಂ, ಇನ್ನು ಈ ದೂರಿಗೆ ಬೆಲೆ ಏನು ಉಳೀತು? ಕಳ್ಳತನ ಮಾಡಿದವರೇ ಕಳ್ಳ ಕಳ್ಳ ಅಂತ ಕೂಗ್ತಾ ಇದ್ದಾರೆ. ವಯಸ್ಸಾಗಿದೆ, ಕ್ಷಮಿಸಿ ಬಿಡೋಣ. ಸುಸ್ತಿನಲ್ಲಿ ಒಂದು ಚೀಟಿ ತಿರುಗಿತು ಅಂತ ಅವರು ಒಪ್ಪಿಕೊಳ್ಳಲಿ. ಆ ಅಮ್ಮನ ಸೈಟೂ ಉಳಿಯುತ್ತೆ, ಎಲ್ಲರದ್ದೂ ಉಳಿಯುತ್ತೆ.”

ಎಂಥ ಮೃದುವಾದ ಬಾಗಿಲು. ಸುಸ್ತಾಯಿತು ಎಂದರೆ ಮುಗಿಯಿತು. ಅತ್ತಿಗೆಗೆ ಅಡುಗೆಮನೆ, ಅಡುಗೆಮನೆಗೆ ಅವಳಿಗೆ ಬೇಕಾದ ಗೋಡೆಯಲ್ಲಿ ಕಿಟಕಿ. ಗೋಂದಕ್ಕ ಆ ಬಾಗಿಲ ತನಕ ಮನಸ್ಸಿನಲ್ಲೇ ಹೋಗಿ, ಒಂದು ಕಾಲು ಒಳಗಿಟ್ಟೂ ನೋಡಿದಳು.

ಅಷ್ಟರಲ್ಲಿ ಎಡಗಡೆಯ ಆ ಮುದುಕ ಕಣ್ಣಿಗೆ ಬಿದ್ದ. ಆಗ ನಗೆ ಎಬ್ಬಿಸಿದವನು ಈಗ ಟೋಪಿ ತೆಗೆದು ಮಡಿಲಲ್ಲಿಟ್ಟುಕೊಂಡು ಅವಳನ್ನೇ ನೋಡುತ್ತಿದ್ದ. ಅವನ ಕೈಯಲ್ಲೂ ಹಳೆಯ ಅರ್ಜಿಗಳ ಕಟ್ಟು. ದಪ್ಪ ನೋಡಿದರೆ ಇಪ್ಪತ್ತಕ್ಕೆ ಕಡಿಮೆ ಇಲ್ಲ. ಆ ಕಟ್ಟಿನ ಅಂಚು ಸವೆಯದಂತೆ ಬಟ್ಟೆ ಪಟ್ಟಿ ಹಾಕಿಕೊಟ್ಟಿದ್ದು ಗೋಂದಕ್ಕನೇ.

“ಸುಸ್ತಾಗಿರ್ಲಿಲ್ಲ,” ಎಂದಳು ಅವಳು.

ಕಾರ್ಯದರ್ಶಿಯ ನಗು ಅರ್ಧಕ್ಕೆ ನಿಂತಿತು.

“ಉದಾಹರಣೆ ಕೇಳಿದ್ರಲ್ಲ ಸಾಹೇಬ್ರೇ, ಒಂದೇ ಒಂದು? ತಗೊಳ್ಳಿ. ಹದಿನೆಂಟನೇ ಚೀಟಿ. ನಾನೇ ಉಲ್ಟಾ ಕತ್ತರಿಸ್ದೆ, ನಾನೇ ಅಡ್ಡ ಮಡಿಸ್ದೆ, ನಾನೇ ತೀಡ್ದೆ. ಈ ಬೆತ್ತದಣ್ಣ ಹೋದ ವರ್ಷ ನನ್ನ ಸ್ಟೂಲು ಹೆಣೀತಾ ತನ್ನ ಅಭ್ಯಾಸ ಹೇಳಿದ್ದ. ಅವನಿಗೆ ಪಾಪ ಏನೂ ಗೊತ್ತಿಲ್ಲ. ನಮ್ಮತ್ತಿಗೆ ಹೆಸರು ಬರ್ಲಿ ಅಂತ ಮಡಿಸ್ದೆ. ಬಂತು! ಹದಿನೆಂಟು ಸಲ ಬರದೇ ಇದ್ದದ್ದು ಹತ್ತೊಂಬತ್ತನೇ ಸಲ ಬಂತು. ಮಡಿಕೆ ಕೈಯನ್ನ ಕರೆಯುತ್ತೆ ಅನ್ನೋದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ?”

ಟೈಪಿಸ್ಟನ ಬೆರಳುಗಳು ಓಡುತ್ತಿದ್ದವು.

“ಕಳ್ಳ ಚೀಟಿ ಅಂತ ಬರ್ಕೋಳಪ್ಪಾ. ದಪ್ಪಕ್ಷರದಲ್ಲಿ. ನನ್ನ ಕೆಲಸ ತೆಗೀರಿ, ಜೈಲಿಗೆ ಹಾಕ್ತೀರಾ ಹಾಕಿ. ಆದ್ರೆ ನನ್ನ ಒಂದು ಕಳ್ಳ ಚೀಟಿ ಆದ್ರೆ, ಅದೇ ಥರ ಬಾಯಿ ಬಿಟ್ಟಿರೋ ಆ ಮೂವತ್ತೊಂಬತ್ತೂ ಕಳ್ಳ ಚೀಟೀನೇ. ನಂದು ಸುಸ್ತು ಅಂತ ನಾನು ಹೇಳಲ್ಲ. ಅವೂ ಅದೃಷ್ಟ ಅಂತ ನೀವು ಹೇಳೋ ಹಾಗಿಲ್ಲ.”

ಎಡಗಡೆಯವರು ಎದ್ದು ನಿಂತರು. ಆದರೆ ಯಾರೂ ಕೂಗಲಿಲ್ಲ, ಯಾಕೆಂದರೆ ಬಲಗಡೆಯ ಕೊನೆಯಿಂದ ಅತ್ತಿಗೆ ನಡೆದು ಬರುತ್ತಿದ್ದಳು.

ಗೋಂದಕ್ಕ ಅವಳ ಮುಖ ನೋಡಲಾರದೆ ಕೊರಳ ಟೇಪನ್ನು ನೋಡಿದಳು. ಎಂಬತ್ತೇಳು, ಎಂಬತ್ತೆಂಟು.

“ಅತ್ತಿಗೆ…”

“ನಂಗೆ ಹೇಳ್ಬೇಕು ಅಂತ ಅನ್ನಿಸ್ಲಿಲ್ವೇನೇ?”

“ಹೇಳಿದ್ರೆ ನೀವು ಬಿಡ್ತಿರ್ಲಿಲ್ಲ.”

“ಬಿಡ್ತಾನೇ ಇರ್ಲಿಲ್ಲ. ನಿಮ್ಮಣ್ಣ ಇದ್ದಿದ್ರೆ ಕಿವಿ ಹಿಂಡ್ತಿದ್ರು.” ಅತ್ತಿಗೆ ಟೇಪಿನ ತುದಿಯನ್ನು ಬೆರಳಿಗೆ ಸುತ್ತಿದಳು. “ಆವತ್ತು ನನ್ನ ಹೆಸರು ಕೂಗಿದಾಗ ಗೋಡೆ ಹಿಡ್ಕೊಂಡು ಅತ್ತೆ ಕಣೇ. ಕೊನೆಗೂ ಸರದಿ ಬಂತು ಅಂತ. ನೀನು ಪಕ್ಕದಲ್ಲೇ ನಿಂತು ಬೆನ್ನು ಸವರ್ತಾ ಇದ್ದೆ.”

ಗೋಂದಕ್ಕ ಏಪ್ರನ್ನಿನ ಮೇಲೆ ಒಣಗಿದ ಅಂಟನ್ನು ಉಗುರಿನಿಂದ ಕೆರೆದಳು.

ಅತ್ತಿಗೆ ಚೀಲದಿಂದ ಹಂಚಿಕೆ ಪತ್ರ ತೆಗೆದಳು. ಪ್ಲಾಸ್ಟಿಕ್ಕಿನಲ್ಲಿ ಸುತ್ತಿ, ಸುತ್ತಲೂ ಹೊಲಿಗೆ ಹಾಕಿದ್ದಳು. ಹಲ್ಲಿನಿಂದ ದಾರ ಕಡಿದು, ಪತ್ರವನ್ನು ಬಿಡಿಸಿ, ವಿಚಾರಣಾಧಿಕಾರಿಯ ಮೇಜಿನ ಮೇಲೆ ಅಂಗೈಯಿಂದ ನೀಟಾಗಿ ಒತ್ತಿ ಇಟ್ಟಳು.

“ಇದು ನಂದಲ್ಲ ಮೇಡಂ. ಇಪ್ಪತ್ತನೇ ಅರ್ಜಿ ಹಾಕ್ತೀನಿ. ಆದ್ರೆ ಇದರ ಮೇಲೆ ಇನ್ನೂ ಮೂವತ್ತೊಂಬತ್ತು ಬಂದು ಬೀಳೋ ತನಕ ನಾನು ಈ ಕೋಣೆ ಬಿಟ್ಟು ಹೋಗಲ್ಲ.” ಕಾರ್ಯದರ್ಶಿಯತ್ತ ತಿರುಗಿದಳು. “ನನ್ನ ತೋರಿಸಿ ಬೇರೆಯವರನ್ನ ಬಚ್ಚಿಡ್ಬೇಡಿ ಸರ್. ನಾನು ಅಷ್ಟು ಅಗಲ ಇಲ್ಲ.”

ಈಗ ಸಭಾಂಗಣ ಒಡೆಯಿತು. ಮುದುಕ ತನ್ನ ಅರ್ಜಿಯ ಕಟ್ಟನ್ನು ಎತ್ತಿ ಹಿಡಿದ. ಅವನ ಹಿಂದೆ ನೂರಾರು ಕೈಗಳು, ನೂರಾರು ಕಟ್ಟುಗಳು. ಬಲಗಡೆ ಇಬ್ಬರು ಸದ್ದಿಲ್ಲದೆ ಬಾಗಿಲ ಕಡೆ ಸರಿದರು. ಪ್ಯಾಂಟಿನವನು ಪ್ಯಾಂಟನ್ನೂ ಎತ್ತಿಕೊಂಡೇ ಹೊರಟು ಮತ್ತೆ ವಾಪಸು ಬಂದು ಕುರ್ಚಿಯ ಮೇಲಿಟ್ಟು ಹೋದ. ಗೋಂದಕ್ಕ ಉಸಿರು ಬಿಟ್ಟಳು. ಗೆದ್ದೆವು ಎಂದುಕೊಂಡಳು.

ವಿಚಾರಣಾಧಿಕಾರಿ ಮೇಜು ತಟ್ಟಿದರು. ಒಮ್ಮೆ. ಮತ್ತೊಮ್ಮೆ. ಸದ್ದು ಇಳಿಯಿತು.

“ನೀವು ಹೇಳಿದ್ದು ನಾನು ಒಪ್ಪಿದೆ,” ಎಂದರು ಗೋಂದಕ್ಕನಿಗೆ. “ಮಡಿಕೆ ಕೈಯನ್ನ ಕರೆಯುತ್ತೆ. ಇವರ ಅಭ್ಯಾಸ ನಿಮಗೆ ಗೊತ್ತಿತ್ತು. ಕಾಗದದ ಎಳೆ ನಿಮಗೆ ಗೊತ್ತಿತ್ತು. ಎರಡೂ ಕೂಡಿಸೋದು ಈ ಕಚೇರಿಯಲ್ಲಿ ಬೇರೆ ಯಾರಿಗಾದರೂ ಗೊತ್ತಿತ್ತಾ?”

“ನನ್ನಂಥ ಕೈ ಈ ಭೂಮಿ ಮೇಲೆ…” ಎಂದು ಗೋಂದಕ್ಕ ಅಭ್ಯಾಸಬಲದಿಂದ ಶುರುಮಾಡಿ ನಿಲ್ಲಿಸಿದಳು.

“ಬೇರೆ ಯಾರಿಗೂ ಗೊತ್ತಿಲ್ಲ ಅಂದರೆ, ಆ ಮೂವತ್ತೊಂಬತ್ತನ್ನೂ ಮಡಿಸಿದವರು ನೀವೇ ಅಂತ ನಾನು ಬರೀಬೇಕಾಗುತ್ತೆ. ನಿಮ್ಮ ಕೋಣೆ, ನಿಮ್ಮ ಹಾಳೆ, ನಿಮ್ಮ ಉಪಾಯ.”

ಕಾರ್ಯದರ್ಶಿ ಮತ್ತೆ ನಗತೊಡಗಿದ್ದರು. ಅವರ ನಗುವಿನಲ್ಲಿ ಭಯವೇ ಇರಲಿಲ್ಲ. ಅದನ್ನು ನೋಡಿದಾಗ ಗೋಂದಕ್ಕನಿಗೆ ತಲೆಯ ಮೇಲೆ ಹೊಡೆದ ಹಾಗೆ ಹೊಳೆಯಿತು: ಮೂರು ವಾರದಿಂದ ಅವಳು ಬೀಗದ ಕೈಯ ಹಿಂದೆ ಓಡಿದ್ದಳು, ಖಾನೆಯ ಹಿಂದೆ ಓಡಿದ್ದಳು, ಈ ಮನುಷ್ಯನ ಹಿಂದೆ ಓಡಿದ್ದಳು. ಆದರೆ ಈ ಉಪಾಯವನ್ನು ಅವಳು ಕಾರ್ಯದರ್ಶಿಗೆ ಯಾವತ್ತೂ ಹೇಳಿರಲಿಲ್ಲ. ಅವರಿಗೆ ಅದು ಬೇರೆಯವರ ಬಾಯಿಂದ ಬಂದಿರಬೇಕು.

“ಯಾರಿಗಾದರೂ ಹೇಳಿದ್ದಿರಾ?”

“ಇಲ್ಲ,” ಎಂದಳು.

“ನೆನಪು ಮಾಡ್ಕೊಳ್ಳಿ.”

ಮುಂದಿನ ಸಾಲನ್ನು ನೋಡುವ ಧೈರ್ಯ ಅವಳಿಗೆ ಬರಲಿಲ್ಲ. ಅಲ್ಲಿಂದ ಈಗ ಯಾರೂ ಏಪ್ರನ್ ಜಗ್ಗುತ್ತಿರಲಿಲ್ಲ, ಯಾರೂ ಪಿಸುಗುಟ್ಟುತ್ತಿರಲಿಲ್ಲ.

ಅತ್ತಿಗೆ ಅವಳ ಮೊಣಕೈ ಹಿಡಿದಳು. “ಇನ್ನೂ ಏನು ಮುಚ್ಚಿಡ್ತೀಯ? ಹೇಳು.”

“ಹೇಳಿದ್ದೆ ಮೇಡಂ,” ಎಂದಳು ಗೋಂದಕ್ಕ. ಆ ದನಿ ಅವಳದೆಂದು ಬೆತ್ತದಣ್ಣನಿಗೂ ಗುರುತು ಹತ್ತಲಿಲ್ಲ. “ಇಷ್ಟು ಚೆನ್ನಾಗಿ ಮಾಡಿದ್ಮೇಲೆ ಒಬ್ಬರಿಗಾದ್ರೂ ತೋರಿಸ್ದೇ ಇರೋಕಾಗ್ಲಿಲ್ಲ. ಚೀಟಿ ಮಡಿಸಿದ ದಿನ ಮಧ್ಯಾಹ್ನ ಊಟಕ್ಕೆ ಬಂದಿದ್ದ, ನಕ್ಷೆ ವಿಭಾಗದ ನನ್ನ ಗೆಳೆಯ. ಅವನು ನನ್ನ ಕೆಲಸ ಇಪ್ಪತ್ತಾರು ವರ್ಷದಲ್ಲಿ ಒಂದು ದಿನ ಹೊಗಳಿದವನಲ್ಲ. ನೋಡೋ, ನನ್ನ ಚೀಟಿ ತಾನೇ ನಡ್ಕೊಂಡು ಹೋಗಿ ಕೈಗೆ ಸಿಗುತ್ತೆ ಅಂತ ಜಂಬ ಕೊಚ್ಕೊಂಡೆ. ಎರಡು ಮಡಿಸಿ ತೋರಿಸ್ದೆ. ಅವನು ಊಟ ಬಿಟ್ಟು ಕೈ ತೊಳ್ಕೊಂಡು ಬಂದು, ‘ಇನ್ನೊಂದ್ಸಲ ತೋರ್ಸು, ನಿಧಾನವಾಗಿ’ ಅಂದ. ನಂಗೆ ಖುಷಿಯಾಯ್ತು ಮೇಡಂ. ನಿಧಾನವಾಗಿ ತೋರಿಸ್ದೆ.”